ದೊಡ್ಡಮ್ಮನಿಗೆ ಸಿಕ್ಕ ಸ್ಟೇ

ನನ್ನ ದೊಡ್ಡಮ್ಮನ ಮನೆ ಮಂಕಿಯಲ್ಲಿ. ಅವಳ ತೆಂಗಿನ ಹಿತ್ತಲು ದಾಟಿದರೆ ಮೈದುನನ ಮನೆ. ಗಂಡ ತೀರಿಕೊಂಡ ಮೇಲೆ ಹಿಸ್ಸೆಯಾಗಿ ನಡುವೆ ಬೇಲಿ ಬಿದ್ದಿತ್ತು. ಎಂಬತ್ತರ ದಶಕದ ಮೊದಲಿಗೆ ಆ ಕೇರಿಗೆ ಕರೆಂಟು ಬಂತು. ಮೈದುನನೂ ಅರ್ಜಿ ಹಾಕಿದ. ಏತದಲ್ಲಿ ನೀರೆತ್ತಿ ಎತ್ತಿ ಅವನ ಹೆಗಲು ಹೋಗಿತ್ತು, ತರಕಾರಿ ಗದ್ದೆಗೆ ಪಂಪು ಬೇಕಿತ್ತು. ಆದರೆ ತಂತಿ ದೊಡ್ಡಮ್ಮನ ಹಿತ್ತಲ ಮೇಲೆಯೇ ಹಾಯಬೇಕು, ಅದಕ್ಕೆ ಎರಡು ಮರ ಬೀಳಬೇಕು. ಇಡೀ ಹಿತ್ತಲಲ್ಲಿ ಚೆನ್ನಾಗಿ ಕಾಯಿ ಬಿಡುವ ಮರಗಳೆಂದರೆ ಅವೆರಡೇ. ಅವಳ ಅಕ್ಕಿ, ಉಪ್ಪು, ಎಣ್ಣೆ ಎಲ್ಲ ಅವುಗಳ ಮೇಲೆಯೇ ನಡೆಯುತ್ತಿತ್ತು.

"ಅತ್ತಿಗೇ, ನಿಮ್ಗೆ ಚಿಮಣಿ ಹೊಗೆ ಅಷ್ಟು ರುಚಿಯಾ?" ಎಂದು ಮೈದುನ ಬೇಲಿಯಾಚೆಯಿಂದ ಕೆಣಕಿದ.

"ನಿನ್ನ ಬದನೆಗೆ ನೀರು ಕುಡ್ಸೂಕೆ ನನ್ನ ಮರದ ಮಂಡೆ ಕಡೀಬೇಕಾ?" ಎಂದು ಇವಳು ತಿರುಗಿಸಿ ಕೊಟ್ಟಳು.

ಮಾತು ಹೊನ್ನಾವರದ ಕೋರ್ಟಿಗೆ ಹೋಯಿತು. "ಹೆದರಬೇಡಿ ಅಮ್ಮಾ, ಸ್ಟೇ ತರುವಾ. ಸ್ಟೇ ಬಂದರೆ ಒಂದು ಗರಿಯನ್ನೂ ಯಾರೂ ಮುಟ್ಟುವ ಹಾಗಿಲ್ಲ," ಎಂದರು ವಕೀಲರು. ಅಂದಿನಿಂದ ದೊಡ್ಡಮ್ಮನ ಬಾಯಲ್ಲಿ ಅದೊಂದೇ ಪದ. ಮೀನಿನವಳು ಬಾಗಿಲಿಗೆ ಬಂದರೂ, "ಸ್ಟೇ ಬರ್ಲಿ ಮಾರಾಯ್ತಿ, ಆಮೇಲೆ ಬಂಗ್ಡೆ ತಿಂಬ."

ನಾನಾಗ ಹಳದೀಪುರದ ಶಾಲೆಯಲ್ಲಿ ಕಲಿಸುತ್ತಿದ್ದೆ. ಒಂದು ಶನಿವಾರ ಶಾಲೆ ಬಿಟ್ಟು ಹೊನ್ನಾವರದಲ್ಲಿ ಬಸ್ಸಿಳಿದರೆ ಎದುರಿಗೇ ದೊಡ್ಡಮ್ಮ. ಕೈಯಲ್ಲಿ ನಾಲ್ಕು ಎಳನೀರು, ಮುಖದ ತುಂಬ ನಗು.

"ತಂಗೀ, ಆತು! ಸ್ಟೇ ಸಿಕ್ತು!"

"ಯಾರು ಹೇಳಿದ್ರು ದೊಡ್ಡಮ್ಮಾ?"

"ಲೈನಿನ ಹುಡ್ಗನೇ ಬೆಳಿಗ್ಗೆ ಬಾಗ್ಲಿಗೆ ಬಂದಿದ್ದ. 'ಅಮ್ಮಾ, ನಿಮ್ಮ ಹಿತ್ಲಲ್ಲಿ ಸ್ಟೇ ಹಾಕೂದದೆ, ಹಾಕ್ಲಾ?' ಕೇಳ್ದ. ಎಷ್ಟು ಮರ್ಯಾದೆ ಪಾಪ! 'ಹಾಕು ತಮ್ಮಾ, ಗಟ್ಟಿ ಹಾಕು, ಯಾರಿಗೂ ತೆಗ್ಯೂಕೆ ಆಗ್ಬಾರ್ದು' ಅಂದೆ. ಮೈದ್ನ ಬೇಲಿ ಹತ್ರ ಬಾಯಿ ಬಿಟ್ಕಂಡು ನಿಂತಿದ್ದ!"

ನನ್ನನ್ನೂ ಕರೆದುಕೊಂಡು ವಕೀಲರ ಆಫೀಸಿಗೆ ಹೋಗಿ, ಎಳನೀರು ಮೇಜಿನ ಮೇಲಿಟ್ಟು ಅವರಿಗೂ ಅದನ್ನೇ ಹೇಳಿದಳು. ಅವರು ಕನ್ನಡಕ ತೆಗೆದರು. ಅರ್ಜಿ ಇನ್ನೂ ನ್ಯಾಯಾಧೀಶರ ಮುಂದೆ ಹೋಗಿರಲೇ ಇಲ್ಲ.

"ಅಮ್ಮಾ, ಕಂಬ ವಾಲದ ಹಾಗೆ ನೆಲಕ್ಕೆ ಬಿಗಿಯುವ ತಂತಿ ಇದೆಯಲ್ಲ, ಅದಕ್ಕೂ ಲೈನಿನವರು ಸ್ಟೇ ಅಂತಲೇ ಹೇಳುವುದು."

ಮಂಕಿಯ ಬಸ್ಸಿನಲ್ಲಿ ಅವಳು ಆಡಿದ್ದು ಒಂದೇ ಮಾತು: "ಇವ್ರಿಗೆ ಬೇರೆ ಹೆಸ್ರು ಇಡೂಕೆ ಬರೂದಿಲ್ವಾ?"

ಹಿತ್ತಲಲ್ಲಿ ಹೊಸ ಕಂಬ ನಿಂತಿತ್ತು. ಅದರ ತಲೆಯಿಂದ ಓರೆಯಾಗಿ ಇಳಿದ ತಂತಿ ದೊಡ್ಡಮ್ಮನ ನೆಲದೊಳಗೆ ಹೂತುಹೋಗಿತ್ತು. ಅವಳು ಒಪ್ಪಿದಳೆಂದೇ ತಿಳಿದು ಎರಡೂ ಮರಗಳನ್ನು ಕೆಡವಿದ್ದರು. ಮೈದುನನ ಹೆಂಡತಿ ಉರುಳಿದ ಕಾಯಿಗಳನ್ನು ಆರಿಸಿ ಆರಿಸಿ ಇವಳ ಜಗಲಿಗೆ ತಂದಿಡುತ್ತಿದ್ದಳು. ನಮ್ಮನ್ನು ಕಂಡದ್ದೇ ತಲೆ ತಗ್ಗಿಸಿ ಬೇಲಿ ದಾಟಿದಳು.

"ಲೈನಿನ ಹುಡುಗ ಮೋಸದಿಂದ ಒಪ್ಪಿಗೆ ತಗೊಂಡ ಅಂತ ಹೇಳಿಬಿಡಿ, ಸಾಕು. ಪರಿಹಾರ ಕೇಳುವಾ, ತಂತಿಯನ್ನೂ ತೆಗೆಸುವಾ," ಎಂದರು ವಕೀಲರು, ಮುಂದಿನ ಸಲ ಹೋದಾಗ.

ದೊಡ್ಡಮ್ಮ ಸೆರಗಿನ ತುದಿ ಸುತ್ತುತ್ತ ಕೂತಳು. "ಆ ಹುಡ್ಗನ ಕೆಲ್ಸ ಹೋಗ್ತದ್ಯಾ?"

"ಹೋಗಬಹುದು."

"ಅವ ಕೇಳೇ ಕೇಳಿದ್ದ. ಹಾಕು ಅಂದದ್ದು ನಾ. ಕಟಕಟೇಲಿ ನಿಂತ್ಕಂಡು ಮೋಸ ಅಂತ ಹ್ಯಾಂಗೆ ಹೇಳೂದು?"

ಕೇಸು ಅಲ್ಲಿಗೇ ಮುಗಿಯಿತು. ಮೈದುನ ಒಂದು ಬಲ್ಬು ಹಾಕಿಸಿಕೊಡುತ್ತೇನೆಂದರೂ ಅವಳು ಬೇಡವೆಂದಳು. ಆ ಮಳೆಗಾಲಕ್ಕೆ ಮುಂಚೆಯೇ ಕಂಡವರ ಮನೆಗೆ ತೆಂಗಿನ ಮಡಲು ಹೆಣೆಯುವ ಕೂಲಿಗೆ ಹೋಗತೊಡಗಿದಳು.

ಯಾರಾದರೂ "ಕೇಸು ಎಂತ ಆತು?" ಎಂದು ಕೇಳಿದರೆ ಹಿತ್ತಲಿಗೆ ಕೈ ತೋರಿಸುವಳು. "ಸ್ಟೇ ಸಿಕ್ತಲ್ಲ! ಅಲ್ಲೇ ಅದೆ ನೋಡು, ಗಟ್ಟಿ ಅದೆ."

ಕೇಳಿದವರು ನಗುತ್ತಿದ್ದರು, ಅವಳೂ ನಗುತ್ತಿದ್ದಳು. ಬೇಲಿಯಾಚೆ ಪಂಪು ಸುರುವಾದರೆ ಮಾತ್ರ ಎದ್ದು ಒಳಗೆ ಹೋಗುತ್ತಿದ್ದಳು.