ಪುಟ ಸಂಖ್ಯೆಗೆ ಕಾದಿರುವ ಪದ

ಕಳೆದ ಶನಿವಾರ ಕೇಕ್ ಹೊರಗೆ ತೆಗೆದ ಮೇಲೆ ಓವನ್ ಆರಿಸಿ, ತೆಳ್ಳಗೆ ಹೆಚ್ಚಿದ ಪೇರ್ ಹಣ್ಣಿನ ಹೋಳುಗಳನ್ನು ತಟ್ಟೆಯಲ್ಲಿ ಹರಡಿ ಒಳಗಿಟ್ಟೆ. ಅರ್ಧ ಗಂಟೆಯಲ್ಲಿ ಅಡುಗೆಮನೆ ತುಂಬ ಆ ವಾಸನೆ. ಬೆಲ್ಲದ ಪಾಕ ಎಳೆ ಬರುವ ಮುಂಚಿನ ವಾಸನೆಗೆ ಒಣಹುಲ್ಲು ಬೆರೆತ ಹಾಗೆ... ಸರಿಯಾಗಿ ಹೇಳಲು ಬರುವುದಿಲ್ಲ. ಪೇರ್ ಒಣಗಿಸಿ ನನಗೆ ವರ್ಷಗಳೇ ಆಗಿದ್ದವು. ಸಂತೆಯಿಂದ ತಂದ ಹಣ್ಣು ಸೈಕಲ್ ಬುಟ್ಟಿಯಲ್ಲಿ ಕುಲುಕಿ ಅರ್ಧ ಜಜ್ಜಿಹೋಗಿತ್ತೆಂದು ಈ ಉಪಾಯ ಮಾಡಿದ್ದೆ, ಅಷ್ಟೆ. ವಾಸನೆ ಮೂಗಿಗೆ ಬಡಿದಾಗ ಮಾತ್ರ ಕೈಯಲ್ಲಿದ್ದ ಒರಸುಬಟ್ಟೆ ಹಿಡಿದುಕೊಂಡು ಹಾಗೇ ನಿಂತುಬಿಟ್ಟೆ, ಈಗ ಕೆಳಗಿನ ಮನೆಯವರು ಬಾಗಿಲು ತಟ್ಟುತ್ತಾರೆ ಅನ್ನುವ ಹಾಗೆ.

ಅವರು ಮೊದಲ ಸಲ ಬಾಗಿಲು ತಟ್ಟಿದ್ದೂ ಇಂಥದೇ ಒಂದು ಶನಿವಾರ. ನಾವು ಜರ್ಮನಿಯ ಎರ್ಲಾಂಗೆನ್ನಿಗೆ ಬಂದು ಎರಡು ವರ್ಷ ಆಗಿರಬೇಕು. ಮಗಳು ಆಗ ಎರಡನೇ ಕ್ಲಾಸು. ಕೆಳಗಿನ ಮನೆಯವರೆಂದರೆ ಎಪ್ಪತ್ತು ದಾಟಿದ ಪೋಲೆಂಡಿನ ಹೆಂಗಸು, ಒಬ್ಬರೇ ಇದ್ದರು. ಮೆಟ್ಟಿಲು ಗುಡಿಸುವ ಸರದಿಯ ಬಗ್ಗೆ ಎರಡು ಮಾತಾಡಿದ್ದು ಬಿಟ್ಟರೆ ನಮಗೆ ಪರಿಚಯವಿರಲಿಲ್ಲ. ಆ ದಿನ ಬಾಗಿಲು ತೆಗೆದರೆ, ಹೆಚ್ಚಿದ ಪೇರ್ ತುಂಬಿದ ತಟ್ಟೆ ಹಿಡಿದು ನಿಂತಿದ್ದಾರೆ.

"ಫ್ರಾವ್ ನಾಖ್‌ಬಾರಿನ್, ಕೇಕ್ ಆಯ್ತಾ? ನಿಮ್ಮ ಓವನ್ ನನಗೆ ಬೇಡ. ಅದರಲ್ಲಿ ಉಳಿದಿದೆಯಲ್ಲ, ಅದು ಬೇಕು."

ಫ್ರಾವ್ ನಾಖ್‌ಬಾರಿನ್ ಎಂದರೆ ನೆರೆಮನೆಯಾಕೆ. ಕೊನೆಯವರೆಗೂ ಅವರು ನನ್ನನ್ನು ಕರೆದದ್ದು ಹಾಗೆಯೇ, ನಾನು ಅವರನ್ನು ಕರೆದದ್ದೂ ಹಾಗೆಯೇ. ತಣ್ಣಗಾಗಲಿ ಎಂದು ನಾನು ಓವನ್ ಬಾಗಿಲು ತೆರೆದಿಟ್ಟಿದ್ದೆ. ಅವರು ನೇರ ಒಳಗೆ ಬಂದು, ತಟ್ಟೆ ತಳ್ಳಿ, ಬಾಗಿಲನ್ನು ದಢಕ್ಕನೆ ಮುಚ್ಚಿದರು. ಆಮೇಲೆ ಗಾಜಿಗೆ ಅಂಗೈ ಒತ್ತಿಕೊಂಡು ಒಂದು ಮಾತು ಹೇಳಿದರು: ಪೊಪ್ಯೆಚ್ಕಾ. ರೊಟ್ಟಿ ಬೇಯಿಸಿ ತೆಗೆದ ಮೇಲೆ ಗೂಡೊಲೆಯಲ್ಲಿ ಉಳಿಯುವ ಬಿಸಿಗೆ ಅವರ ಅಮ್ಮ ಹೇಳುತ್ತಿದ್ದ ಹೆಸರಂತೆ. ಆ ಬಿಸಿಯಲ್ಲೇ ಅವರಮ್ಮ ಚಳಿಗಾಲಕ್ಕಾಗುವಷ್ಟು ಪೇರ್ ಒಣಗಿಸುತ್ತಿದ್ದರಂತೆ.

ಸಂಜೆ ಮನೆಗೆ ಬಂದ ನನ್ನ ಗಂಡ ಕೇಳಿ ನಕ್ಕರು. ಉಡುಪಿಯವರು. "ಎಂತದು ಮಾರಾಯ್ತಿ, ಇಲ್ಲಿ ಬಿಸಿಯನ್ನೂ ಕೇಳಿಕೊಂಡು ಬರ್ತಾರಾ?"

ಅಲ್ಲಿಂದ ಅದೊಂದು ಪದ್ಧತಿಯೇ ಆಯಿತು. ನಾನು ಓವನ್ ಹಚ್ಚಿದ ದಿನ ಮಗಳು ಕೆಳಗೆ ಓಡಿ ಸುದ್ದಿ ಕೊಡಬೇಕು, ಅವರು ತಟ್ಟೆ ತರಬೇಕು. ಒಂದು ತಟ್ಟೆ ಪೇರ್ ಒಣಗಲು ಮೂರು ಸಲದ ಕಾವು ಬೇಕು. ಅದಕ್ಕಾಗಿ ನಾನು ಬೇಕಿಲ್ಲದಿದ್ದರೂ ಕೇಕ್ ಬೇಯಿಸಿದ್ದುಂಟು.

ಪೇರ್ ಒಳಗಿರುವಷ್ಟು ಹೊತ್ತು ನಾನು ಕೆಳಗೆ ಅವರ ಮನೆಯಲ್ಲಿ ಚಹಾ ಕುಡಿಯುತ್ತಿದ್ದೆ. ಸೋಫಾದ ಹಿಂದೆ ಒಂದೇ ಅಳತೆಯ ಹನ್ನೊಂದು ದಪ್ಪ ಪುಸ್ತಕಗಳಿದ್ದವು. ಪೋಲಿಷ್ ನಿಘಂಟು. ಬೇರೆಯವರು ಮನೆ ಆಲ್ಬಂ ತೋರಿಸುವ ಹಾಗೆ ಅವರು ಆ ಸಂಪುಟಗಳನ್ನು ತೋರಿಸಿದರು. ಹರೆಯದಲ್ಲಿ ವಾರ್ಸಾದಲ್ಲಿ ಆ ನಿಘಂಟಿನ ಕಚೇರಿಯಲ್ಲಿ ಚೀಟಿ ಬರೆಯುವ ಕೆಲಸ ಅವರದು. ಇಡೀ ದಿನ ಹಳೆಯ ಪುಸ್ತಕ ಓದುವುದು, ಪದ ಸಿಕ್ಕಿದರೆ ಅಂಗೈಯಗಲದ ಚೀಟಿಯಲ್ಲಿ ಇಳಿಸುವುದು. ಮೇಲೆ ಪದ, ಅದರ ಕೆಳಗೆ ಆ ಪದ ಬಂದ ಪೂರ್ತಿ ವಾಕ್ಯ, ಕೊನೆಯಲ್ಲಿ ಯಾವ ಪುಸ್ತಕ, ಯಾವ ಪುಟ. ಒಂದು ಚೀಟಿಗೆ ಒಂದೇ ಪದ. ಅಚ್ಚಾದ ವಾಕ್ಯವಿಲ್ಲದ ಪದಕ್ಕೆ ನಿಘಂಟಿನೊಳಗೆ ಜಾಗವಿಲ್ಲ.

ನಿಘಂಟುಗಳ ಕತೆಯನ್ನು ಅವರು ವಂಶಾವಳಿ ಹೇಳುವಂತೆ ಹೇಳುತ್ತಿದ್ದರು. ಪೋಲೆಂಡು ನಕ್ಷೆಯಲ್ಲೇ ಇಲ್ಲದ ಕಾಲ, ಸುತ್ತಲಿನ ಮೂವರು ದೊರೆಗಳು ಹಂಚಿಕೊಂಡಿದ್ದರು. ಆಗ ಮನೆಮಾತು ಪೋಲಿಷ್ ಅಲ್ಲದ ಒಬ್ಬ ಮೇಷ್ಟರು ತಾನಿದ್ದಲ್ಲಿಯೇ ಅಚ್ಚಿನ ಯಂತ್ರ ಇಟ್ಟುಕೊಂಡು ಆರು ದೊಡ್ಡ ಸಂಪುಟ ಮಾಡಿ ಮುಗಿಸಿದರಂತೆ. ಅವರ ತರುವಾಯ ಬೇರೊಂದು ಊರಿನಲ್ಲಿ ಎರಡು ಸಂಪುಟದ್ದು ಬಂತು. ಆಮೇಲೆ ಎಂಟು ಸಂಪುಟದ್ದು.

"ಆ ಎಂಟರದ್ದು ಕೇಳಿ. ಮೊದಲ ಅಕ್ಷರ ಶುರು ಮಾಡಿದಾಗ ದೇಶ ಇರಲಿಲ್ಲ. ಕೊನೆಯ ಅಕ್ಷರ ಮುಟ್ಟೋ ಹೊತ್ತಿಗೆ ದೇಶವೇ ವಾಪಸ್ ಬಂದಿತ್ತು! ಅದಕ್ಕೇ ನಿಘಂಟು ಅಂದ್ರೆ ನಾವು ಸ್ವಲ್ಪ ಹುಚ್ಚರು."

ನಂತರ ಯುದ್ಧ. ಊರೇ ಸುಟ್ಟ ಮೇಲೆ ಮತ್ತೆ ಖಾಲಿ ಚೀಟಿಗಳಿಂದ ಶುರುವಾದದ್ದು ಅವರ ಈ ಹನ್ನೊಂದು ಸಂಪುಟ. ಹೇಳುವಾಗ ಅವರು ಮೇಲಿನ ಧೂಳನ್ನು ಸೆರಗಿನಲ್ಲಿ ಒರೆಸುತ್ತಿದ್ದರು... ಸೆರಗೆಲ್ಲಿಂದ ಬರಬೇಕು, ಏಪ್ರನ್ನಿನ ತುದಿ. ನೆನಪಿನಲ್ಲಿ ನನಗೆ ಯಾಕೋ ಸೆರಗೇ ಕಾಣುತ್ತದೆ.

ಒಂದು ದಿನ 'ಪ' ಅಕ್ಷರದ ಸಂಪುಟದಿಂದ ಹಳದಿ ತಿರುಗಿದ ಒಂದು ಚೀಟಿ ತೆಗೆದರು. ಪೊಪ್ಯೆಚ್ಕಾ. ಇಪ್ಪತ್ತೆರಡರ ವಯಸ್ಸಿನಲ್ಲಿ ತಾವೇ ಬರೆದದ್ದು. ಯುದ್ಧ ಮುಗಿದು ಗಡಿ ಸರಿದಾಗ ಅವರಮ್ಮ ಹಳ್ಳಿ, ಮನೆ, ಗೂಡೊಲೆ ಎಲ್ಲ ಬಿಟ್ಟು ಮಕ್ಕಳೊಂದಿಗೆ ರೈಲು ಹತ್ತಿದವರು. ಆ ಹಳ್ಳಿಯವರೆಲ್ಲ ದಿಕ್ಕಾಪಾಲಾದರು. ಹೊಸ ಊರಿನಲ್ಲಿ ಆ ಪದ ಯಾರಿಗೂ ಗೊತ್ತಿಲ್ಲ. ಅದಕ್ಕೆ ಇವರು, ಒಲೆಯ ಬಾಗಿಲು ತೆರೆದಿಟ್ಟರೆ ಅಮ್ಮ ಹೇಳುತ್ತಿದ್ದ ವಾಕ್ಯದೊಂದಿಗೆ ಚೀಟಿ ಬರೆದು, ಪುಸ್ತಕದ ಹೆಸರಿರಬೇಕಾದ ಜಾಗದಲ್ಲಿ 'ಅಮ್ಮ, ಅಡುಗೆಮನೆ' ಎಂದು ನಮೂದಿಸಿ ಕಚೇರಿಯಲ್ಲಿ ಕೊಟ್ಟಿದ್ದರು. ವಿಭಾಗದ ಹಿರಿಯರು ಓದಿ, ಕೋಪವಿಲ್ಲದೆಯೇ ತಿರುಗಿ ಕೊಟ್ಟರು. "ಅಮ್ಮನಿಗೆ ಪುಟ ಸಂಖ್ಯೆ ಇಲ್ಲವಲ್ಲ ಮಗೂ. ಅಚ್ಚಾದದ್ದು ಒಂದು ಹುಡುಕಿ ತಾ, ಹಾಕೋಣ."

ಅವರು ಹುಡುಕಿದರು. ಅಡುಗೆ ಪುಸ್ತಕ, ಪಂಚಾಂಗ, ಹಳೆಯ ಪತ್ರಿಕೆ... ಎಲ್ಲೂ ಇರಲಿಲ್ಲ. 'ಪ' ಸಂಪುಟ ಅಚ್ಚಿಗೆ ಹೋಯಿತು. ಬಿಟ್ಟುಹೋದ ಪದಗಳಿಗೆಂದು ಕೊನೆಯಲ್ಲಿ ಬಂದ ಸಂಪುಟವೂ ಅಚ್ಚಿಗೆ ಹೋಯಿತು. ಅಮ್ಮ ತೀರಿಕೊಂಡರು. 'ಅಮ್ಮ, ಅಡುಗೆಮನೆ' ಎಂಬುದನ್ನು ರಬ್ಬರಿನಲ್ಲಿ ಉಜ್ಜಿ, ಆ ಜಾಗವನ್ನು ಖಾಲಿ ಬಿಟ್ಟುಕೊಂಡು, ಚೀಟಿಯ ಸಮೇತ ಅವರು ಜರ್ಮನಿಗೆ ಬಂದರು.

"ನಿಮ್ಮಲ್ಲಿ ಇದಕ್ಕೆ ಏನಂತೀರಿ?" ಎಂದು ಕೇಳಿದರು. ಕಾವು ಎಂದೆ. ಸುಮ್ಮನೆ ಹೇಳಿದರೆ ಆಗದು, ವಾಕ್ಯ ಬೇಕು ಎಂದರು. ಮೈಸೂರಿನ ನನ್ನ ಅಜ್ಜಿ ಹೇಳುತ್ತಿದ್ದದ್ದು ನೆನಪಾಯಿತು: "ಕೋಡೊಲೆ ಮೇಲೆ ಹಾಲಿಡೇ, ಕಾವು ಸಾಕು." ದೊಡ್ಡ ಒಲೆಯ ಉರಿ ಹಾಯ್ದು ಪಕ್ಕದಲ್ಲಿ ಬೆಚ್ಚಗಿರುವ ಚಿಕ್ಕ ಒಲೆ ಅದು ಎಂದು ಚಿತ್ರ ಬರೆದು ತೋರಿಸಬೇಕಾಯಿತು. ಅವರು ಹೊಸ ಚೀಟಿ ತೆಗೆದು ತಮ್ಮ ಲಿಪಿಯಲ್ಲಿ ಎಲ್ಲವನ್ನೂ ಬರೆದು, ಕೆಳಗೆ 'ಅಜ್ಜಿ, ಮೈಸೂರು, ಅಡುಗೆಮನೆ' ಎಂದು ಸೇರಿಸಿದರು.

"ಅಜ್ಜಿಗೆ ಪುಟ ಸಂಖ್ಯೆ ಇಲ್ಲವಲ್ಲ?" ಎಂದು ನಾನು ಕೆಣಕಿದೆ.

"ಈ ಕಚೇರಿಯ ಯಜಮಾನಿ ನಾನು. ಇಲ್ಲಿ ಅಜ್ಜಿ ನಡೆಯುತ್ತೆ!"

ನಮ್ಮ ಊರಿನ ಕನ್ನಡ ಬಳಗ ದೀಪಾವಳಿಗೆ ಒಂದು ಸ್ಮರಣ ಸಂಚಿಕೆ ತರುತ್ತಿತ್ತು. ಒಂದು ವರ್ಷ ಅದರಲ್ಲಿ ನನ್ನ ಚಕ್ಕುಲಿಯ ವಿಧಾನ ಬಂದಿತ್ತು. ಚಕ್ಕುಲಿಯ ಜೊತೆಗೆ ಅದನ್ನೂ ಒಯ್ದು ತೋರಿಸಿದೆ. ಚಕ್ಕುಲಿ ಅಲ್ಲೇ ಉಳಿಯಿತು. ಅವರು ಸಂಚಿಕೆಯನ್ನು ತಿರುವಿ ತಿರುವಿ, ಪುಟದ ಕೆಳಮೂಲೆಯನ್ನು ಕನ್ನಡಕ ಎತ್ತಿ ನೋಡಿದರು.

"ಇದು ಅಚ್ಚಾದದ್ದು. ಪುಟ ಸಂಖ್ಯೆಯೂ ಇದೆ."

"ಇದೆ."

"ಹಾಗಾದ್ರೆ ನನ್ನ ಪದ ಇದರಲ್ಲಿ ಬರೀರಿ. ಒಂದು ವಾಕ್ಯ ಸಾಕು."

ಕನ್ನಡದಲ್ಲಿ ಬರೆದರೆ ನಿಮ್ಮವರು ಯಾರು ಓದುತ್ತಾರೆ ಎಂದು ನಗುತ್ತಲೇ ಕೇಳಿದೆ. ಅವರು ನಗಲಿಲ್ಲ. ಓದಲೆಂದಲ್ಲ, ಒಂದು ಕಡೆ ಇರಲೆಂದು, ಎಂದರು. ನಾನು ಮಾತು ಕೊಟ್ಟೆ.

ಮರುವರ್ಷದ ಸಂಚಿಕೆಗೆ ಒಣ ಪೇರ್ ಹಾಕಿದ ಕೇಕಿನ ವಿಧಾನ ಬರೆದೆ. ನಡುವೆ ಅವರ ಪದ, ಅವರ ಅಮ್ಮನ ವಾಕ್ಯ. ಸಂಚಿಕೆ ಕೈಗೆ ಬಂದ ಸಂಜೆ ಕೋಟು ಕೂಡ ತೆಗೆಯದೆ ಅವರ ಮನೆಗೆ ಹೋದೆ. ಅವರು ಮೇಜಿನ ಮೇಲೆ ಚೀಟಿ, ಆಗಷ್ಟೇ ಕೆತ್ತಿದ ಪೆನ್ಸಿಲು ಇಟ್ಟುಕೊಂಡು ಕೂತರು. "ಎಲ್ಲಿದೆ? ಬೆರಳಿಟ್ಟು ತೋರಿಸಿ."

ಬೆರಳಿಡಲು ಹುಡುಕಿದೆ. ಪುಟ ತಿರುವಿದೆ, ಮತ್ತೆ ಹಿಂದಕ್ಕೆ ಬಂದೆ. ನಾನು ಪೊಪ್ಯೆಚ್ಕಾ ಎಂದು ಬರೆದಲ್ಲೆಲ್ಲ 'ಓವನ್ ಬಿಸಿ' ಎಂದಿತ್ತು. ಅಮ್ಮನ ವಾಕ್ಯದಲ್ಲೂ.

ಅಲ್ಲಿಂದಲೇ ಸಂಪಾದಕರಿಗೆ ಫೋನ್ ಮಾಡಿದೆ. ಬೆಂಗಳೂರಿನವರು, ಬಹಳ ಒಳ್ಳೆಯ ಮನುಷ್ಯ. "ಅಯ್ಯೋ ಮೇಡಂ, ಅದು ಟೈಪಿಂಗ್ ಮಿಸ್ಟೇಕು ಅಂದ್ಕೊಂಡೆ ರೀ. ಮೂರು ಕಡೆ ಬಂದಿತ್ತು, ಮೂರೂ ನಾನೇ ಸರಿ ಮಾಡ್ದೆ!" ಎಂದರು ಹೆಮ್ಮೆಯಿಂದ.

ಎದುರು ಕೂತಿದ್ದ ನೆರೆಮನೆಯಾಕೆಗೆ ಅದನ್ನು ಜರ್ಮನ್ನಿನಲ್ಲಿ ಹೇಗೆ ಹೇಳಿದೆನೋ ನೆನಪಿಲ್ಲ. ಅವರು ಜೋರಾಗಿ ನಕ್ಕರು. "ನಮ್ಮ ಆಫೀಸಿನ ಹಿರಿಯರು ನಿಮ್ಮ ಊರಲ್ಲೂ ಇದ್ದಾರೆ, ಬಿಡಿ!" ನಗುತ್ತಲೇ ಚೀಟಿಯನ್ನು ಸಂಪುಟದೊಳಗೆ ಇಟ್ಟರು. ಪೆನ್ಸಿಲು ಮಾತ್ರ ಮೇಜಿನ ಮೇಲೆ ಹಾಗೇ ಇತ್ತು... ಅದರ ಮೊನೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ.

ಬರುವ ವರ್ಷ ಖಂಡಿತ ಎಂದೆ. ಬರುವ ವರ್ಷ ಮಗಳ ಶಾಲೆ ಬದಲಾಯಿತು, ನನಗೆ ಶಿಶುವಿಹಾರದ ಅಡುಗೆಮನೆಯಲ್ಲಿ ಅರ್ಧ ದಿನದ ಕೆಲಸ ಸಿಕ್ಕಿತು, ಬರೆಯಲಿಲ್ಲ. ಅದರ ಮರುವರ್ಷ ಬಳಗದವರು ಸಂಚಿಕೆಯನ್ನೇ ನಿಲ್ಲಿಸಿದರು. ಕೆಳಗಿನ ಮನೆಯವರಿಗೆ ಮೊಣಕಾಲು ಸೋತು ಮೆಟ್ಟಿಲು ಹತ್ತಲಾಗದೆ, ನನ್ನ ಮಗಳೇ ತಟ್ಟೆ ತಂದು ಕೊಂಡೊಯ್ಯುತ್ತಿದ್ದಳು. ಆಮೇಲೆ ವೃದ್ಧರ ಆರೈಕೆ ಮನೆಗೆ ಹೋದರು. ಅಲ್ಲಿನ ಕಪಾಟು ಚಿಕ್ಕದು. ಹತ್ತು ಸಂಪುಟಗಳನ್ನು ನ್ಯೂರೆಂಬರ್ಗಿನಲ್ಲಿ ಮಕ್ಕಳಿಗೆ ಪೋಲಿಷ್ ಹೇಳಿಕೊಡುವ ಶನಿವಾರದ ಶಾಲೆಗೆ ಕೊಟ್ಟರು. 'ಪ' ಸಂಪುಟ ನನಗೆ ಕೊಟ್ಟರು, ಚೀಟಿ ಒಳಗೇ ಇತ್ತು. ನಾನು ಮತ್ತೆ ಮಾತು ಕೊಡಲು ಬಾಯಿ ತೆರೆದೆ. ಅವರು ನನ್ನ ಕೈ ತಟ್ಟಿ, ಅವಸರವೇನಿಲ್ಲ, ನಿಘಂಟಿನವರು ಕಾಯಲು ಕಲಿತಿರುತ್ತಾರೆ ಎಂದರು. ಆ ಚಳಿಗಾಲ ಕಳೆಯುವ ಮುನ್ನ ಹೋಗಿಬಿಟ್ಟರು.

ಕಳೆದ ಶನಿವಾರಕ್ಕೆ ಮರಳುತ್ತೇನೆ. ಮಗಳು ಈಗ ಮ್ಯೂನಿಕ್‌ನಲ್ಲಿ ಓದುತ್ತಾಳೆ, ವಾರದ ಕೊನೆಗೆ ಬಂದಿದ್ದಳು. ನಾನು ಕನ್ನಡದಲ್ಲಿ ಕೇಳಿದರೆ ಅವಳು ಅರ್ಧ ಜರ್ಮನ್ನಿನಲ್ಲಿ ಉತ್ತರಿಸುವುದು ನಮ್ಮಲ್ಲಿ ಹಳೆಯ ಕತೆ. ಪೇರ್ ಹೇಗಾಗಿದೆ ನೋಡೋಣವೆಂದು ನಾನು ಓವನ್ ಬಾಗಿಲು ತೆರೆದು ನಿಂತಿದ್ದೆ. ಅವಳು ಫೋನಿನಿಂದ ತಲೆ ಎತ್ತದೆಯೇ ಕೂಗಿದಳು.

"ಅಮ್ಮಾ, ಟ್ಯೂರ್ ಝು! ಪೊಪ್ಯೆಚ್ಕಾ ಓಡಿಹೋಗತ್ತೆ!"

ಬಾಗಿಲು ಮುಚ್ಚು ಅನ್ನುವುದನ್ನು ಜರ್ಮನ್ನಿನಲ್ಲಿ ಹೇಳಿದ್ದಳು. ಆ ಪದ ಎಲ್ಲಿಂದ ಕಲಿತೆ ಎಂದು ಕೇಳಿದೆ.

"ಯಾಕೆ? ಅದು ಕನ್ನಡ ಅಲ್ವಾ? ನಾನು ಮೈಸೂರದ್ದು ಅಂದ್ಕೊಂಡಿದ್ದೆ. ಮ್ಯೂನಿಕ್‌ನಲ್ಲಿ ನನ್ನ ರೂಮ್‌ಮೇಟ್ ಕೂಡ ಈಗ ಹಾಗೇ ಹೇಳ್ತಾಳೆ."

ನಾನು ಓವನ್ ಬಾಗಿಲು ಮುಚ್ಚಿದೆ. ಕೆಳಗೆ ಈಗ ಬೇರೆ ಯಾರೋ ಇದ್ದಾರೆ. ಓಡಿಹೋಗಿ ಹೇಳಿಬರಲು ಮನೆಯಿಲ್ಲ.

ಬಳಗದವರು ಈ ದೀಪಾವಳಿಯಿಂದ ಸಂಚಿಕೆಯನ್ನು ಮತ್ತೆ ಶುರು ಮಾಡುತ್ತಿದ್ದಾರೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಸಂಪಾದಕರು ಆ ಬೆಂಗಳೂರಿನವರೇ, ಈ ಸಲ ಮೊದಲೇ ಫೋನ್ ಮಾಡಿದ್ದೇನೆ. ಆದರೂ ಇಲ್ಲಿಯೂ ಕೈಮುಗಿದು ಕೇಳುತ್ತೇನೆ: ಮುಂದಿನ ಸಾಲನ್ನು ದಯವಿಟ್ಟು ತಿದ್ದಬೇಡಿ.

ಪೊಪ್ಯೆಚ್ಕಾ: ರೊಟ್ಟಿ ತೆಗೆದ ಮೇಲೆ ಒಲೆಯಲ್ಲಿ ಉಳಿಯುವ ಕಾವು. "ಬಾಗಿಲು ತೆರೆದಿಡಬೇಡ, ಪೊಪ್ಯೆಚ್ಕಾ ಓಡಿಹೋಗುತ್ತೆ."

ಚೀಟಿ ನನ್ನ ಮೇಜಿನ ಮೇಲಿದೆ. ಪೆನ್ಸಿಲು ಕೆತ್ತಿ ಇಟ್ಟಿದ್ದೇನೆ. ಸಂಚಿಕೆ ಕೈಗೆ ಬಂದ ಮೇಲೆ ಈ ಪುಟದ ಸಂಖ್ಯೆಯನ್ನು ಆ ಖಾಲಿ ಜಾಗದಲ್ಲಿ ತುಂಬಬೇಕು.