ವಾಲ್ಟರ್ ಸಾಹೇಬರ ಬೆರಳುಗಳು

ಮೊನ್ನೆ ಶನಿವಾರ ನಮ್ಮ ಎಕ್ಸ್-ರೇ ಕೋಣೆಗೆ ಮಂಗಳೂರಿನವನೊಬ್ಬ ಕಿರುಬೆರಳು ಊದಿಸಿಕೊಂಡು ಬಂದ. ಶುಕ್ರವಾರದ ಕ್ರಿಕೆಟ್ಟಿನಲ್ಲಿ ಕ್ಯಾಚ್ ಹಿಡಿಯಲು ಹೋಗಿದ್ದನಂತೆ. ಪರದೆಯ ಮೇಲೆ ಆ ಮುರಿದ ಬೆರಳು ಮೂಡಿದ್ದೇ ತಡ, ನನಗೆ ವಾಲ್ಟರ್ ಸಾಹೇಬರು ನೆನಪಾದರು.

ಅಭಾದ ಈ ಆಸ್ಪತ್ರೆಗೆ ನಾನು ಬಂದ ಹೊಸತು ಅದು. ಸೌದಿ ಎಂದರೆ ಬರೀ ಬಿಸಿಲು ಎಂದು ನಂಬಿ, ಉಡುಪಿಯಿಂದ ಸ್ವೆಟರ್ ಕೂಡ ತಾರದೆ ಬಂದು ಈ ಬೆಟ್ಟದೂರಿನ ಚಳಿಯಲ್ಲಿ ನಡುಗುತ್ತಿದ್ದ ಜಾಣ ನಾನು. ವಾಲ್ಟರ್, ಘಟ್ಟದ ರಸ್ತೆ ಮಾಡುವ ಕಂಪನಿಯಲ್ಲಿದ್ದ ಅಮೆರಿಕದ ಮುದುಕ. ಮೆಟ್ಟಿಲಲ್ಲಿ ಜಾರಿ, ಬಲಗೈಯ ಮಣಿಕಟ್ಟು ಹಿಡಿದುಕೊಂಡು ಬಂದಿದ್ದರು. ಫಿಲ್ಮ್ ತೊಳೆದು ನೋಡಿದರೆ, ನಾಲ್ಕು ಬೆರಳುಗಳು ಹಿಂದೆಂದೋ ಮುರಿದು ಸೊಟ್ಟಗೆ ಕೂಡಿಕೊಂಡಿದ್ದವು.

"ಆಕ್ಸಿಡೆಂಟಾ ಸರ್?" ಎಂದೆ ಗಾಬರಿಯಿಂದ.

"ಅಲ್ಲ, ನೌಕರಿ," ಎಂದು ನಕ್ಕರು.

ಡಾಕ್ಟರು ಬರುವುದು ತಡವಾಯಿತು. ವಾಲ್ಟರ್ ಒಂದೊಂದೇ ಬೆರಳು ತೋರಿಸುತ್ತ ಕತೆ ಹೇಳಿದರು. ಬೇಸ್‌ಬಾಲ್ ಎಂಬ, ಕ್ರಿಕೆಟ್ಟಿನ ದೂರದ ನೆಂಟನಂಥ ಆಟವೇ ಯೌವನದಲ್ಲಿ ಅವರ ಹೊಟ್ಟೆಪಾಡು. ಓಡುವವನು ಮೊದಲು ಮುಟ್ಟಬೇಕಾದ ನೆಲೆ, ಅಂದರೆ ಮೊದಲ ಬೇಸ್, ಕಾಯುವುದು ಅವರ ಕೆಲಸ. ಒಂದು ಕಾಲು ಬೇಸಿಗೆ ತಾಗಿಯೇ ಇರಬೇಕು, ಮೈಯನ್ನು ಎಷ್ಟಾದರೂ ಚಾಚಬಹುದು. ಎದುರಾಳಿ ಓಡಿ ಬಂದು ಆ ಬೇಸನ್ನು ಮುಟ್ಟುವ ಮೊದಲು, ಜೊತೆಯವರು ಎಸೆದ ಚೆಂಡನ್ನು ಹಿಡಿಯಬೇಕು. ಸಣ್ಣ ಊರುಗಳ ತಂಡಗಳಲ್ಲಿ, ಬಸ್ಸಿನಲ್ಲೇ ಮಲಗೆದ್ದು, ಒಂಬತ್ತು ವರ್ಷ ಆಡಿದ ಮೇಲೆ ದೊಡ್ಡ ತಂಡದಿಂದ ಕರೆ ಬಂತು. ಅಲ್ಲಿ ಮೂರು ವರ್ಷ ನೆಮ್ಮದಿಯಾಗಿ ಆಡಿದರು.

ನಾಲ್ಕನೆಯ ವರ್ಷ ಇಪ್ಪತ್ತರ ತರುಣನೊಬ್ಬ ಬಂದ. ಅವನು ಹೊಡೆದ ಚೆಂಡು ವಾಲ್ಟರ್ ಹೊಡೆದದ್ದಕ್ಕಿಂತ ಬಹುದೂರ ಹೋಗುತ್ತಿತ್ತು. ಆದರೆ ಹಿಡಿಯುವುದು ಮಾತ್ರ ಬರದು. ವಾಲ್ಟರ್ ದಿನಾ ಬೆಳಿಗ್ಗೆ ಬೇಗ ಮೈದಾನಕ್ಕೆ ಬಂದು, ಕಾಲು ಎಲ್ಲಿಡಬೇಕು, ಮೈ ಹೇಗೆ ಚಾಚಬೇಕು ಎಂದು ಕಲಿಸಿದರು. ಬೇಸಗೆ ಮುಗಿಯುವುದರೊಳಗೆ ಆ ಜಾಗ ಅವನದಾಯಿತು. ವಾಲ್ಟರ್ ಮತ್ತೆ ಸಣ್ಣ ಊರಿನ ಬಸ್ಸು ಹತ್ತಿದರು. ಎರಡು ವರ್ಷಕ್ಕೆ ಆಟವೇ ಬಿಟ್ಟು ರಸ್ತೆ ಕೆಲಸಕ್ಕೆ ಸೇರಿದರು.

ನಿಮ್ಮ ಅನ್ನಕ್ಕೆ ನೀವೇ ಕಲ್ಲು ಹಾಕಿಕೊಂಡಿರಲ್ಲ ಎಂಬುದನ್ನು ನನ್ನ ಹರಕು ಇಂಗ್ಲಿಷಿನಲ್ಲಿ ಹೇಗೋ ಕೇಳಿದೆ.

"ಕಲಿಸದಿದ್ದರೂ ಅವನೇ ಆಡುತ್ತಿದ್ದ," ಎಂದರು. "ಚೆಂಡು ಮುಖಕ್ಕೆ ಬಡಿಯುತ್ತಿತ್ತು, ಅಷ್ಟೇ."

"ಬೇಜಾರಾಗಲಿಲ್ಲವೇ?"

"ಆಗದೆ? ಹೆಂಡತಿಯ ಎದುರು ಕೂತು ಅತ್ತುಬಿಟ್ಟೆ."

ಮಣಿಕಟ್ಟು ಮುರಿದಿರಲಿಲ್ಲ. ಪಟ್ಟಿ ಕಟ್ಟಿಸಿಕೊಂಡು ಹೋದವರನ್ನು ಮತ್ತೆ ನಾನು ನೋಡಲಿಲ್ಲ.

ಅವರು ಈಗ ನೆನಪಾಗಲು ಬೆರಳೊಂದೇ ಕಾರಣವಲ್ಲ, ನಿಮ್ಮಿಂದ ಮುಚ್ಚಿಡುವುದೇಕೆ? ನನ್ನ ಜಾಗಕ್ಕೆಂದು ಹೋದ ತಿಂಗಳು ನೂರಾ ಎಂಬ ಇಲ್ಲಿನದೇ ಹುಡುಗಿ ಸೇರಿದ್ದಾಳೆ. ಲ್ಯಾಬಿನ ಗೆಳೆಯ ಫೆಲಿಕ್ಸ್ ಅಂದೇ ಎಚ್ಚರಿಸಿದ್ದ: "ಎಲ್ಲ ಕಲಿಸ್ಬೇಡ ಮಾರಾಯ. ಅವಳು ಕಲ್ತ ಮರುದಿನ ನಿನ್ನ ಇಕಾಮಾ ರಿನ್ಯೂ ಆಗ್ಲಿಕ್ಕಿಲ್ಲ, ಇಲ್ಲಿರುವ ಪರ್ಮಿಟ್ಟೇ ಹೋಯ್ತು. ಮತ್ತೆ ಊರಿಗೆ ಹೋಗಿ ಎಂತ ಮಾಡ್ತಿ?"

ನಾನೂ ಹಾಗೆಯೇ ನಡೆದುಕೊಂಡೆ. ಯಂತ್ರದ ಗುಂಡಿಗಳನ್ನೆಲ್ಲ ಧಾರಾಳವಾಗಿ ತೋರಿಸಿದೆ. ಮುರಿದ ಕೈಯನ್ನು ನೋಯಿಸದೆ ತಿರುಗಿಸುವ ಹೊತ್ತಿಗೆ ಮಾತ್ರ ಏನಾದರೂ ನೆಪ ಹೇಳಿ ಅವಳನ್ನು ಹೊರಗೆ ಕಳಿಸುತ್ತಿದ್ದೆ.

ಕ್ರಿಕೆಟ್ಟಿನವನು ಹೋದ ಮೇಲೆ, ತೋಳು ಮುರಿದುಕೊಂಡ ಅಜ್ಜಿಯೊಬ್ಬಳನ್ನು ಗಾಲಿಕುರ್ಚಿಯಲ್ಲಿ ತಂದರು. ನೂರಾ ಅಭ್ಯಾಸಬಲದಿಂದ ತಾನೇ ಬಾಗಿಲ ಕಡೆ ಹೊರಟಳು. ನನಗೆ ಬಹಳ ನಾಚಿಕೆಯಾಯಿತು.

"ಇಲ್ಲಿ ಬಾ. ಮೊದಲು ಮೊಣಕೈಗೆ ಆಸರೆ ಕೊಡು. ಎಳೆಯಬೇಡ. ಅವರು ಉಸಿರು ಬಿಡುವಾಗ ಮೆಲ್ಲಗೆ ತಿರುಗಿಸು," ಎಂದೆ.

ಅವಳು ತಿರುಗಿಸಿದಳು. ತಿರುಗಿಸುತ್ತಲೇ ಅಜ್ಜಿಯ ಹಳ್ಳಿಯ ಅರಬಿಯಲ್ಲಿ ಏನೋ ಹೇಳಿದಳು; ನೋವಿನ ನಡುವೆಯೂ ಅಜ್ಜಿ ನಕ್ಕಳು. ಇಷ್ಟು ವರ್ಷಗಳಲ್ಲಿ ಆ ಮೇಜಿನ ಮೇಲೆ ಮಲಗಿದ ಒಬ್ಬರನ್ನೂ ನಾನು ನಗಿಸಿದವನಲ್ಲ. ಹೊಟ್ಟೆ ಸ್ವಲ್ಪ ಉರಿಯಿತು, ಸುಳ್ಳೇಕೆ ಹೇಳಲಿ.

"ಉಸ್ತಾದ್, ನೀವು ಚಾ ಕುಡಿದು ಬನ್ನಿ. ನಾನಿದ್ದೇನೆ," ಎಂದಳು.

ಕ್ಯಾಂಟೀನಿಗೆ ಹೋಗಿ ಕೂತೆ. ಡ್ಯೂಟಿಯ ನಡುವೆ, ಆರುವ ಮೊದಲೇ ಚಾ ಕುಡಿಯುವ ಭಾಗ್ಯ ಬಂದದ್ದು ಅದೇ ಮೊದಲು. ಅಭ್ಯಾಸವಿಲ್ಲದೆ ನಾಲಗೆ ಸುಟ್ಟುಕೊಂಡೆ.