ಅಣ್ಣನ ಹೆಂಡತಿಗೆ ಬದಲಾಗಿ

ಸಿಡ್ನಿಯ ಪ್ಯಾರಮಟ್ಟಾದಲ್ಲಿ ಓದುತ್ತಿದ್ದಾಗ ನನ್ನ ಜೊತೆ ಒಂದೇ ರೂಮಿನಲ್ಲಿದ್ದವಳು ಚೀನಾದ ಹಳ್ಳಿಯೊಂದರವಳು. ನನಗಿಂತ ಆರು ವರ್ಷ ದೊಡ್ಡವಳು. ಸಂಜೆ ಇಬ್ಬರಿಗೂ ವೃದ್ಧಾಶ್ರಮವೊಂದರ ಲಾಂಡ್ರಿಯಲ್ಲಿ ಕೆಲಸ. ಬಿಸಿ ಬೆಡ್‌ಶೀಟಿನ ಎರಡು ತುದಿ ಹಿಡಿದು ಮಡಚುತ್ತಾ, ನಮ್ಮಿಬ್ಬರಿಗೂ ಬರುತ್ತಿದ್ದ ಹರಕು ಇಂಗ್ಲಿಷಿನಲ್ಲಿ ಅವಳು ತನ್ನ ಕಥೆ ಹೇಳಿದಳು.

ಅವರ ಊರಲ್ಲಿ ಬಡವರ ಮನೆಯ ಗಂಡಿಗೆ ಹೆಣ್ಣು ಸಿಗುತ್ತಿರಲಿಲ್ಲ. ಹಾಗಾಗಿ ಹೆಣ್ಣು ಕೊಟ್ಟು ಹೆಣ್ಣು ತರುತ್ತಿದ್ದರು. ಕಾಲು ಎಳೆದು ನಡೆಯುತ್ತಿದ್ದ ಇವಳ ಅಣ್ಣನಿಗೆ ಪಕ್ಕದೂರಿನ ಹುಡುಗಿಯನ್ನು ತಂದರು. ಬದಲಿಗೆ ಇವಳು ಆ ಹುಡುಗಿಯ ಅಣ್ಣನನ್ನು ಮದುವೆಯಾಗಬೇಕು. ತನ್ನ ಮದುವೆಗೆ ನಾಲ್ಕು ದಿನ ಇರುವಾಗ ಇವಳು ಪಟ್ಟಣಕ್ಕೆ ಓಡಿಹೋಗಿ ಬಟ್ಟೆ ಕಾರ್ಖಾನೆ ಸೇರಿದಳು. ಮರುವಾರವೇ ಅತ್ತಿಗೆಯ ತವರಿನವರು ಬಂದು ಮಗಳನ್ನು ಎಳೆದುಕೊಂಡು ಹೋದರು. ಹೋಗಲ್ಲ ಅಂತ ಅತ್ತಿಗೆ ಬಾಗಿಲ ಚೌಕಟ್ಟು ಹಿಡಿದುಕೊಂಡು ಅತ್ತಳಂತೆ. ಅವಳನ್ನು ಬೇರೆಯವರಿಗೆ ಕೊಟ್ಟರು. ಅಣ್ಣ ಒಂಟಿಯಾಗಿಯೇ ಉಳಿದ. ಇವಳು ಕಾರ್ಖಾನೆಯಲ್ಲಿ ವರ್ಷಗಟ್ಟಲೆ ದುಡಿದು ಕೂಡಿಟ್ಟ ಹಣದಲ್ಲಿ ಸಿಡ್ನಿಗೆ ಓದಲು ಬಂದಳು.

ಪ್ರತಿ ಭಾನುವಾರ ಮಧ್ಯಾಹ್ನ ಇವಳು ಊರಿಗೆ ಫೋನ್ ಮಾಡುತ್ತಿದ್ದಳು. ಅಮ್ಮ ಫೋನ್ ಎತ್ತುತ್ತಿದ್ದಳು, ಮಾತಾಡುತ್ತಿರಲಿಲ್ಲ. ಇವಳು ತಿಂದದ್ದು, ಉಟ್ಟದ್ದು, ಪರೀಕ್ಷೆ ಬರೆದದ್ದು ಎಲ್ಲ ಹೇಳುವಳು. ಆ ಕಡೆ ಬರೀ ಉಸಿರು.

"ಫೋನ್ ಇಟ್ಟುಬಿಡಲ್ಲವಲ್ಲ, ಅಷ್ಟೇ ಸಾಕು" ಎನ್ನುತ್ತಿದ್ದಳು.

ಒಂದು ಭಾನುವಾರ ಆ ಕಡೆಯಿಂದ ಮಾತು ಬಂತು. ಅಣ್ಣನದು. ಫೋನಿಟ್ಟು ಮಂಚದ ಅಂಚಿಗೆ ಕೂತಳು.

"ಅಮ್ಮ ಹೋಗಿ ಎರಡು ತಿಂಗಳಾಯ್ತಂತೆ."

"ಮತ್ತೆ ಹೋದ ವಾರ ಫೋನ್ ಎತ್ತಿದ್ದು?"

"ಅವನೇ. ಇಷ್ಟು ದಿನ ಅವನೇ ಸುಮ್ಮನೆ ಕೇಳಿಸ್ಕೊಳ್ತಿದ್ದ."

ಆಮೇಲೆ ಎದ್ದು ಅಕ್ಕಿ ತೊಳೆದಳು. ಅವಳ ಹೆಗಲ ಮೇಲೆ ಕೈ ಇಡಲೂ ನನಗೆ ಧೈರ್ಯವಾಗಲಿಲ್ಲ.

ಆಸ್ಟ್ರೇಲಿಯಾದಲ್ಲೇ ನೆಲೆಸಲು ಬೇಕಾದ ಪಿಆರ್ ಸಿಕ್ಕಿದ ಮೇಲೆ ನಾನು ಮೆಲ್ಬರ್ನಿಗೆ ಬಂದು ಕ್ರಾನ್‌ಬರ್ನ್‌ನಲ್ಲಿ ಮನೆ ಮಾಡಿದೆ. ಮರುವರ್ಷ ಅವಳ ಫೋನ್ ಬಂತು. ಅವಳಿಗೂ ಪಿಆರ್ ಸಿಗುವುದರಲ್ಲಿತ್ತು, ಬೇಡವೆಂದು ಬಿಟ್ಟಿದ್ದಳು.

"ಊರಿಗೆ ಹೋಗ್ತಿದ್ದೀನಿ. ಅಣ್ಣನಿಗೆ ಅಡುಗೆ ಮಾಡಿ ಹಾಕೋರಿಲ್ಲ."

"ಅವನು ಬಾ ಅಂದನಾ?"

"ಬರಬೇಡ ಅಂದ."

"ಮತ್ತ್ಯಾಕೆ ಹೋಗ್ತೀಯ?"

"ಅವತ್ತು ನಾನು ಓಡದೆ ಇದ್ದಿದ್ರೆ ಅವನ ಮಕ್ಕಳು ಇಷ್ಟೊತ್ತಿಗೆ ಸ್ಕೂಲಿಗೆ ಹೋಗ್ತಿದ್ರು."

ಹೋಗಬೇಡ ಅನ್ನಬೇಕಿತ್ತು. ತಪ್ಪು ನಿನ್ನದಲ್ಲ ಅನ್ನಬೇಕಿತ್ತು. ಫ್ಲೈಟ್ ಎಷ್ಟು ಗಂಟೆಗೆ ಎಂದು ಕೇಳಿದೆ.

ಆರು ತಿಂಗಳ ನಂತರ ಒಂದು ಇಮೇಲ್ ಬಂತು. ತಾನು ಮಾಡಿದ್ದನ್ನು ಅಣ್ಣ ಮುಟ್ಟುವುದಿಲ್ಲ, ಬೇರೆ ಒಲೆ ಹೂಡಿ ತನ್ನ ಪಾಡಿಗೆ ಬೇಯಿಸಿಕೊಳ್ಳುತ್ತಾನೆ ಎಂದು ಬರೆದಿದ್ದಳು. ವಾಪಸ್ ಬಾ ಎಂದು ಬರೆಯೋಣವೆಂದರೆ, ಅವಳ ವೀಸಾ ಆಗಲೇ ಮುಗಿದಿತ್ತು. ಏನು ಬರೆಯಲಿ ಎಂದು ಯೋಚಿಸುತ್ತಲೇ ದಿನ ತಳ್ಳಿದೆ. ಕೊನೆಗೂ ಉತ್ತರಿಸಲಿಲ್ಲ.